ಹಲ್ಲಕ್ಕ ಕಳಿಸಿದ ಫೋಟೋ

ಹಲ್ಲು ಕೀಳುವವರ ಹೆಸರು ಬೀದಿಗೆ ಕಾಣುವಂತೆ ಬೋರ್ಡಿನ ಮೇಲಿರುತ್ತದೆ. ಹಲ್ಲು ಮಾಡುವವರ ಹೆಸರು ಎಲ್ಲೂ ಇರುವುದಿಲ್ಲ. ಹಲ್ಲಕ್ಕ ಮಾಡುವವರ ಪೈಕಿ. ಡಾಕ್ಟರು ರೋಗಿಯ ಬಾಯಿಯ ಅಚ್ಚು ತೆಗೆದು ಡಬ್ಬಿಯಲ್ಲಿಟ್ಟು ಕಳಿಸಿದರೆ, ಅದಕ್ಕೆ ಪ್ಲಾಸ್ಟರ್ ಎರೆದು ದವಡೆ ಮಾಡಿ, ಗುಲಾಬಿ ಮೇಣದಲ್ಲಿ ವಸಡು ಕಟ್ಟಿ, ಒಂದೊಂದೇ ಹಲ್ಲು ಕೂರಿಸಿ, ಉಜ್ಜಿ ಹೊಳಪು ಕೊಟ್ಟು ವಾಪಸು ಕಳಿಸಬೇಕು. ಇಪ್ಪತ್ತೆರಡು ವರ್ಷದಿಂದ ಅದೇ ಕೆಲಸ, ಅದೇ ಸ್ಟೂಲು. ಇಸ್ತ್ರಿ ಅಂಗಡಿಯ ಮೇಲಿನ ಎರಡು ಕೋಣೆಗಳೇ ಲ್ಯಾಬು. ಒಂದರಲ್ಲಿ ಹಲ್ಲು ಸುಡುವ ಕುಲುಮೆ, ಇನ್ನೊಂದರಲ್ಲಿ ಕಿಟಕಿಯ ಪಕ್ಕ ಅವಳ ಮೇಜು, ಗೋಡೆಯುದ್ದಕ್ಕೂ ಹಲಗೆಗಳ ಮೇಲೆ ನಂಬರು ಬರೆದ ಪ್ಲಾಸ್ಟರ್ ದವಡೆಗಳು. ಊರಿನ ಅರ್ಧ ಜನ ಅಲ್ಲಿ ಬಾಯಿ ಬಿಟ್ಟುಕೊಂಡು ಕೂತಿದ್ದರು, ಪುಣ್ಯಕ್ಕೆ ಮಾತು ಬರುತ್ತಿರಲಿಲ್ಲ. ಲ್ಯಾಬಿನ ಯಜಮಾನರಿಗೆ ಪ್ಲಾಸ್ಟರಿನ ಧೂಳು ಕಂಡರೆ ಸೀನು, ಹಾಗಾಗಿ ಅವರು ದಿನದ ಮುಕ್ಕಾಲು ಪಾಲು ಕೆಳಗಿನ ಇಸ್ತ್ರಿಯವನ ಜೊತೆ ಹರಟುತ್ತಿದ್ದರು. ಹಲ್ಲಕ್ಕ ಎಂಬ ಹೆಸರು ಇಟ್ಟವನೂ ಆ ಇಸ್ತ್ರಿಯವನೇ.

ಅವಳ ಕೈಯ ಹಲ್ಲು ಕಟ್ಟಿಸಿದ್ದೆಂದು ಯಾರಿಗೂ ಗೊತ್ತಾಗುತ್ತಿರಲಿಲ್ಲ. ಕಾರಣ, ಅವಳು ಬೇಕೆಂದೇ ಕುಂದು ಇಡುತ್ತಿದ್ದಳು. ಒಂದು ಹಲ್ಲನ್ನು ಕೂದಲೆಳೆಯಷ್ಟು ಓರೆ ಕೂರಿಸುವುದು, ಇನ್ನೊಂದರ ಬುಡಕ್ಕೆ ಚೂರು ಹಳದಿ ಹಚ್ಚುವುದು, ಮುಂದಿನದರ ತುದಿಯನ್ನು ಸವೆದಂತೆ ಉಜ್ಜುವುದು. ಬೆಳ್ಳಗೆ ಹೊಳೆಯುವ ಸೆಟ್ಟು ಬೇಕೆಂದು ಹಟ ಹಿಡಿದ ಅಜ್ಜಿಯೊಬ್ಬಳಿಗೆ ಅವಳು ಹೇಳಿದ್ದುಂಟು: “ಎಪ್ಪತ್ತರ ಮುಖಕ್ಕೆ ಹದಿನೇಳರ ಹಲ್ಲು ಇಟ್ರೆ ಜನ ಹಲ್ಲನ್ನ ನೋಡ್ತಾರೆ, ನಿಮ್ಮನ್ನ ನೋಡಲ್ಲ.” ಅಜ್ಜಿ ಒಪ್ಪಿದಳು. ಡಾಕ್ಟರುಗಳು ಕಷ್ಟದ ಬಾಯಿಗಳನ್ನೆಲ್ಲ ಹಲ್ಲಕ್ಕನಿಗೇ ಕಳಿಸುತ್ತಿದ್ದರು.

ಈಜು ಟೀಚರ್ ಸಿಕ್ಕಿದ್ದೂ ಹಾಗೆಯೇ. ಈಜುಕೊಳದ ಅಂಚಿಗೆ ಬಡಿದು ಮುಂದಿನ ಹಲ್ಲು ಮುರಿದುಕೊಂಡ ಅವಳನ್ನು ಡಾಕ್ಟರು ಬಣ್ಣ ಹೊಂದಿಸಲು ನೇರ ಲ್ಯಾಬಿಗೇ ಕಳಿಸಿದ್ದರು. ಕಿಟಕಿಯ ಬೆಳಕಿನಲ್ಲಿ ಕೂರಿಸಿ, ಬಣ್ಣದ ಪಟ್ಟಿಯ ಹದಿನಾರು ಮಾದರಿ ಹಲ್ಲುಗಳನ್ನು ಒಂದೊಂದಾಗಿ ತುಟಿಯ ಬಳಿ ಹಿಡಿದು ನೋಡಬೇಕು. ಆ ನೋಟಕ್ಕೆ ಐದು ನಿಮಿಷ ಸಾಕು. ಹಲ್ಲಕ್ಕ ಮೂರು ಸಲ ಕರೆಸಿದಳು. ನಾಲ್ಕನೆಯ ಸಲ ಬರಲು ಹಲ್ಲಿನ ನೆಪ ಬೇಕಾಗಲಿಲ್ಲ. ಆಮೇಲೆ ಇಬ್ಬರೂ ಮೂರನೇ ಮಹಡಿಯ ಒಂದು ಮನೆ ಹಿಡಿದರು. ಅದಕ್ಕೆ ಈಗ ಹನ್ನೊಂದು ವರ್ಷ.

ಹಲ್ಲಕ್ಕನ ಅಣ್ಣ-ಅತ್ತಿಗೆಗೆ ಟೀಚರ್ ಬಾಡಿಗೆ ಹಂಚಿಕೊಳ್ಳುವ ಗೆಳತಿ; ಮನೆ ಓನರಿಗೆ, ಕೆಳಗಿನ ಮನೆಯವರಿಗೆ ದೂರದ ಸಂಬಂಧದ ಚಿಕ್ಕಮ್ಮನ ಮಗಳು. ಎಷ್ಟು ದೂರದ ಸಂಬಂಧ ಎಂದು ಯಾರೂ ಅಳತೆ ಟೇಪು ಹಿಡಿಯಲಿಲ್ಲ. ಮನೆಯಲ್ಲಿ ಎರಡು ಕೋಣೆ, ಎರಡು ಮಂಚ. ಪ್ರತಿ ಬೆಳಿಗ್ಗೆ ಹಲ್ಲಕ್ಕ ಎದ್ದ ಕೂಡಲೇ ಮಾಡುತ್ತಿದ್ದ ಮೊದಲ ಕೆಲಸ ಯಾರೂ ಮಲಗದ ಮಂಚದ ಹಾಸಿಗೆಯನ್ನು ಕೆದರುವುದು. ದಿಂಬಿನ ಮೇಲೆ ಗುದ್ದಿ ಒಂದು ತಗ್ಗು ಮಾಡುತ್ತಿದ್ದಳು, ಹೊದಿಕೆಯನ್ನು ಅರ್ಧ ಕೆಳಕ್ಕೆ ಎಳೆಯುತ್ತಿದ್ದಳು. “ಇದರಲ್ಲೂ ಕಸುಬು ತೋರಿಸ್ತೀಯಲ್ಲೇ,” ಎಂದು ಟೀಚರ್ ಬಾಗಿಲಿಗೆ ಒರಗಿ ನಗುತ್ತಿದ್ದಳು. ನಗುವಾಗ ಕಾಣುವ ಆ ಹಲ್ಲು ಎಷ್ಟು ಚೆನ್ನಾಗಿ ಕೂತಿದೆ ಎಂದು ಹಲ್ಲಕ್ಕನಿಗೆ ಪ್ರತಿಸಲವೂ ಖುಷಿಯಾಗುತ್ತಿತ್ತು.

ಇಷ್ಟೆಲ್ಲ ಮುಚ್ಚುಮರೆ ಏಕೆಂದರೆ ಟೀಚರ್ ಕಲಿಸುತ್ತಿದ್ದುದು ಹೆಣ್ಣುಮಕ್ಕಳಿಗೆ. ಆರೇಳು ವರ್ಷದ ಕೂಸುಗಳನ್ನು ಹೊಟ್ಟೆಯಡಿ ಕೈಕೊಟ್ಟು ನೀರಿನ ಮೇಲೆ ತೇಲಿಸಬೇಕು, ಒದ್ದೆ ಮಕ್ಕಳಿಗೆ ಟವೆಲ್ಲು ಸುತ್ತಬೇಕು. ತಾಯಂದಿರು ಗಾಜಿನ ಆಚೆ ಕೂತು ನೋಡುತ್ತಿರುತ್ತಾರೆ. ಒಂದು ಪಿಸುಮಾತು ಎದ್ದರೆ ಸಾಕು, ಮರುದಿನ ಕೊಳದಲ್ಲಿ ಟೀಚರ್ ಇರುವುದಿಲ್ಲ. ಅವಳೇನೂ ಹೆದರುಪುಕ್ಕಲಿಯಲ್ಲ, ಎತ್ತರದ ಹಲಗೆಯಿಂದ ಹಿಮ್ಮುಖವಾಗಿ ಹಾರುವವಳು. ಆದರೆ ಊರ ಬಾಯಿಗೆ ಆಳ ಎಷ್ಟೆಂದು ಯಾವ ಈಜುಗಾರ್ತಿಗೂ ಗೊತ್ತಿರುವುದಿಲ್ಲ. ಅವಳದು ಒಂದೇ ಕಟ್ಟುನಿಟ್ಟು: ಇಬ್ಬರ ಫೋಟೋ ಬೇಡ, ಎಲ್ಲೂ ಬೇಡ, ಯಾರಿಗೂ ಬೇಡ.

ಹಲ್ಲಕ್ಕ ಅದಕ್ಕೆ ಒಗ್ಗಿಕೊಂಡಿದ್ದಳು. ಒಗ್ಗಿಕೊಂಡಿದ್ದಳು ಎನ್ನುವುದು ನಮ್ಮ ಅಂದಾಜು. ಒಳಗೆ ಏನೋ ಕೊರೆಯುತ್ತಿತ್ತು. ಅತ್ತಿಗೆ ಫೋನು ಮಾಡಿದಾಗೆಲ್ಲ “ನಿಂದೊಂದು ಒಂಟಿ ಜೀವ, ನಮಗೆ ಅದೇ ಯೋಚನೆ,” ಎನ್ನುವಳು. ಪಕ್ಕದಲ್ಲೇ ಟೀಚರ್ ಕಾಲು ಚಾಚಿ ಕೂತು ಈರುಳ್ಳಿ ಬಿಡಿಸುತ್ತಿರುವಾಗ, ಹೌದು ಅತ್ತಿಗೆ, ಎನ್ನಬೇಕಾಗುತ್ತಿತ್ತು. ಹನ್ನೊಂದು ವರ್ಷ ಒಂದು ಸಂಸಾರ ನಡೆಸಿ, ಅದು ಸಂಸಾರವೆಂದು ಒಬ್ಬರಿಗೂ ಹೇಳದೆ ಇರುವುದು ಕಷ್ಟ. ಬಾಯಿ ಬಿಟ್ಟರೆ ಬಣ್ಣಗೇಡು, ಬಿಡದಿದ್ದರೆ ಹೊಟ್ಟೆ ಉಬ್ಬರ.

ಹಾಗಾಗಿ ಅವಳು ಫೋನಿನಲ್ಲಿ ಒಂದು ಗುಂಪು ಸೇರಿದಳು. ‘ನಮ್ಮನಮ್ಮಲ್ಲಿ’ ಎಂದು ಅದರ ಹೆಸರು. ಹೆಣ್ಣನ್ನು ಪ್ರೀತಿಸುವ ಹೆಣ್ಣುಗಳದ್ದೇ ಗುಂಪು. ನಾಲ್ಕೈದು ಸಾವಿರ ಜನ, ಯಾರಿಗೂ ಮುಖವಿಲ್ಲ, ಎಲ್ಲರಿಗೂ ಅಡ್ಡಹೆಸರು. ಗುಂಪು ನಡೆಸುವವಳನ್ನು ದೊಡ್ಡಕ್ಕ ಎನ್ನುತ್ತಿದ್ದರು. ಲೆಸ್ಬಿಯನ್ ಎಂಬ ಪದವನ್ನು ಹಲ್ಲಕ್ಕ ಜನ್ಮದಲ್ಲಿ ಬಾಯಿಬಿಟ್ಟು ಹೇಳಿದವಳಲ್ಲ. ಅಲ್ಲಿ ಹುಡುಗಿಯರು ಅದನ್ನು ಉಪ್ಪು ಅಂದಷ್ಟು ಸಲೀಸಾಗಿ ಅನ್ನುತ್ತಿದ್ದರು. ಎರಡು ವರ್ಷ ಅವಳು ಬಾಯಿ ಬಿಡದೆ ಓದಿದಳು. ಟೀ ಕುಡಿಯುವಾಗ, ಬಸ್ಸಿನಲ್ಲಿ, ಕುಲುಮೆ ಕಾಯುವ ಇಪ್ಪತ್ತು ನಿಮಿಷದಲ್ಲಿ, ಟೀಚರ್ ಮಾತಾಡುತ್ತಿರುವಾಗಲೂ. ‘ನಮ್ಮವರನ್ನು ಗುರುತಿಸುವ ಹತ್ತು ಲಕ್ಷಣ’ ಎಂದು ಯಾರೋ ಒಮ್ಮೆ ಹಾಕಿದ್ದರು. ಗಿಡ್ಡ ಕೂದಲು, ಮೋಟು ಉಗುರು, ಒಂದೇ ಕಿವಿಗೆ ಓಲೆ, ಮನೆ ತುಂಬ ಬೆಕ್ಕು, ಹೀಗೆ. ಹಲ್ಲಕ್ಕ ಉದ್ದ ಜಡೆಯವಳು, ಬೆಕ್ಕು ಕಂಡರಾಗದವಳು. ಹತ್ತರಲ್ಲಿ ಅವಳಿಗೆ ಸಿಕ್ಕಿದ್ದು ಒಂದು ಅಂಕ, ಅದೂ ಪ್ಲಾಸ್ಟರಿನ ಕಾಟಕ್ಕೆ ಕತ್ತರಿಸಿಕೊಂಡ ಉಗುರಿನಿಂದ.

ಆ ಹೊತ್ತಿಗೆ ಫೋನಿನಲ್ಲಿ ಒಂದು ಧಾರಾವಾಹಿ ಶುರುವಾಯಿತು. ಒಬ್ಬಳು ಫೋಟೋಗ್ರಾಫರು, ಒಬ್ಬಳು ನೃತ್ಯಗಾತಿ, ಇಬ್ಬರೂ ಹತ್ತು ವರ್ಷದಿಂದ ಜೋಡಿ. ಗುಂಪಿನಲ್ಲಿ ಅದರದೇ ಮಾತು. ಪಾತ್ರ ಮಾಡಿದ ನಟಿಯರಿಬ್ಬರಿಗೂ ಗಂಡಂದಿರಿದ್ದಾರೆಂದು ಅರ್ಧ ಜನಕ್ಕೆ ಸಿಟ್ಟು, ಇದ್ದರೇನಂತೆ ಕಣ್ಣಲ್ಲಿ ಎಂಥ ಪ್ರೀತಿ ಎಂದು ಇನ್ನರ್ಧ ಜನ ಕರಗುತ್ತಿದ್ದರು. ಹಲ್ಲಕ್ಕನೂ ನೋಡಿದಳು. ಅದರಲ್ಲಿ ಆ ಇಬ್ಬರೂ ಬೆಳಗಿನ ಟೀ ಕುಡಿಯುತ್ತ ಪೂರಾ ಎರಡು ನಿಮಿಷ ಒಬ್ಬರನ್ನೊಬ್ಬರು ದಿಟ್ಟಿಸುವ ದೃಶ್ಯವೊಂದಿತ್ತು, ಹಿಂದೆ ಪಿಟೀಲು. ಇದನ್ನು ನೋಡಿ ಅವಳ ಕಸುಬಿನ ಕಣ್ಣಿಗೆ ಉರಿ ಹತ್ತಿತು. ಇಷ್ಟು ಬಿಳಿಯ ಹಲ್ಲು ಯಾವ ಬಾಯಲ್ಲೂ ಇರುವುದಿಲ್ಲ ಎನ್ನಿಸಿತು. ಎರಡು ವರ್ಷದ ಮೌನ ಮುರಿದು ಅವಳು ಬರೆದಳು.

“ಹತ್ತು ವರ್ಷ ಒಟ್ಟಿಗಿದ್ದವರು ಹೀಗೆ ಕಣ್ಣಲ್ಲಿ ಕಣ್ಣಿಟ್ಟು ಟೀ ಕುಡಿಯಲ್ಲ. ನಮ್ಮನೇಲಿ ಟೀ ಹೊತ್ತಿಗೆ ಒಬ್ಬಳು ಕಿಟಕಿ ನೋಡ್ತಾಳೆ, ಒಬ್ಬಳು ಫೋನ್ ನೋಡ್ತಾಳೆ. ಪ್ರೀತಿ ಅನ್ನೋ ಮಾತು ನಮ್ಮಿಬ್ಬರ ಬಾಯಲ್ಲೂ ಬಂದು ಐದಾರು ವರ್ಷ ಆಯ್ತು. ಒದ್ದೆ ಟವೆಲ್ಲು ಹಾಸಿಗೆ ಮೇಲೆ ಬಿಸಾಕಿದ್ದಕ್ಕೆ ಜಗಳ ಆಡ್ತೀವಿ. ಆದರೆ ಸಕ್ಕರೆ ಡಬ್ಬಿ ಮುಚ್ಚಳ ತೆಗೆಯೋಕೆ ಅವಳು ಈಗೀಗ ಯಾವಾಗಲೂ ನನ್ನ ಕೈಗೇ ಕೊಡ್ತಾಳೆ. ನನಗಿಂತ ಎರಡರಷ್ಟು ಬಲ ಇದೆ ಅವಳಿಗೆ. ಆದರೂ ಕೊಡ್ತಾಳೆ. ನಮ್ಮ ಪ್ರೀತಿ ಅಂದ್ರೆ ಅಷ್ಟೇ.”

ಮಧ್ಯಾಹ್ನ ಊಟದ ಹೊತ್ತಿಗೆ ಫೋನು ತೆರೆದರೆ ಆರುನೂರು ಜನ ಮೆಚ್ಚಿದ್ದರು. ಸಂಜೆಗೆ ಅದು ಎರಡು ಸಾವಿರ ದಾಟಿತ್ತು. “ನಮ್ಮನೇಲೂ ಹೀಗೇ ಅಕ್ಕ”, “ಮುಚ್ಚಳದ ಮಾತು ಓದಿ ಅತ್ತೆ”, “ಇದು ನಿಜ, ಅದು ಬರೀ ಸಿನಿಮಾ”. ಹಲ್ಲಕ್ಕ ಲ್ಯಾಬಿನ ಮೆಟ್ಟಿಲ ಮೇಲೆ ಕೂತು ಒಂದೊಂದನ್ನೂ ಓದಿದಳು. ಅವಳ ಮನೆಯನ್ನು ಮನೆ ಎಂದು ಜನ ಕರೆದದ್ದು ಅದೇ ಮೊದಲು. ಹೊಟ್ಟೆಗೆ ಹಾಲು ಕುಡಿದಷ್ಟು ತಂಪಾಯಿತು. ಆ ಸಂಜೆ ಅವಳು ಟೀಚರಿಗೆ ಏನೂ ಹೇಳಲಿಲ್ಲ, ಸುಮ್ಮನೆ ಹಾಡು ಗುನುಗುತ್ತ ಪಾತ್ರೆ ತೊಳೆದಳು.

ಸಂತೋಷ ಮೂರು ದಿನ ಬಾಳಿತು. ನಾಲ್ಕನೆಯ ದಿನ, ಗುಂಪಿನಲ್ಲಿ ಗೂಬೆ ಎಂದು ಹೆಸರಿಟ್ಟುಕೊಂಡಿದ್ದ ಒಬ್ಬಳು ಬರೆದಳು: “ಇದನ್ನ ಬರೆದಿರೋದು ಗಂಡಸು. ನಮ್ಮ ಸಂಸಾರಾನೂ ಅಪ್ಪ-ಅಮ್ಮನ ಸಂಸಾರದಷ್ಟೇ ಬೇಜಾರಿಂದು ಅಂತ ತೋರಿಸೋ ಹುನ್ನಾರ.” ಇನ್ನೊಬ್ಬಳು, ಧಾರಾವಾಹಿ ಕಂಪನಿಯವರೇ ಪ್ರಚಾರಕ್ಕೆ ಬರೆಸಿದ್ದು ಎಂದಳು. ಮತ್ತೊಬ್ಬಳಿಗೆ ಅದರಲ್ಲಿ ನೋವೇ ಕಾಣಲಿಲ್ಲ, “ನಮ್ಮಂಥವರು ಪಟ್ಟ ಪಾಡಿನ ಒಂದು ಸಾಲಾದ್ರೂ ಬೇಡ್ವಾ? ಬರೀ ಟವೆಲ್ಲು, ಸಕ್ಕರೆ.” ಮೊನ್ನೆ ಅತ್ತವರೇ ಈಗ, ನನಗೂ ಆಗಲೇ ಅನುಮಾನ ಬಂದಿತ್ತು, ಎನ್ನತೊಡಗಿದರು. ಹಲ್ಲಕ್ಕ ಉತ್ತರ ಬರೆದಷ್ಟೂ ಅನುಮಾನ ಹೆಚ್ಚಿತು. ಕೊನೆಗೆ ದೊಡ್ಡಕ್ಕ ನಡುವೆ ಬಂದು ಗುಂಪಿನ ಪದ್ಧತಿ ನೆನಪಿಸಿದಳು: ಅನುಮಾನ ಬಂದರೆ ಕೈಗಳ ಫೋಟೋ. ಇಬ್ಬರೂ ಕೈ ಹಿಡಿದುಕೊಂಡಿರಬೇಕು, ಮುಖ ಬೇಡ, ಪಕ್ಕದಲ್ಲಿ ಗುಂಪಿನ ಹೆಸರು ಮತ್ತು ಆ ದಿನದ ತಾರೀಖು ಬರೆದ ಚೀಟಿ. ಫೋಟೋ ಬಂದರೆ ಹೆಸರಿನ ಪಕ್ಕ ನೀಲಿ ಚುಕ್ಕೆ. ಬರದಿದ್ದರೆ ಹೊರಗೆ. ಎಂಟು ದಿನ ಗಡುವು.

ಆ ಸಂಜೆ ಟೀಚರ್ ಬಾಲ್ಕನಿಯಲ್ಲಿ ಈಜುಡುಗೆ ಒಣಹಾಕುತ್ತಿದ್ದಾಗ ಹಲ್ಲಕ್ಕ ಎಲ್ಲವನ್ನೂ ಹೇಳಿದಳು.

“ಬರೀ ಕೈ ಕಣೇ. ಮುಖ ಇರಲ್ಲ.”

“ನನ್ನ ಕೈ ಕೊಳಕ್ಕೆ ಬರೋರಿಗೆಲ್ಲ ಗೊತ್ತು. ಮುಖಕ್ಕಿಂತ ಚೆನ್ನಾಗಿ ಗೊತ್ತು,” ಎಂದಳು ಟೀಚರ್. ಹತ್ತೊಂಬತ್ತನೇ ವಯಸ್ಸಿನಲ್ಲಿ ಹಾರುಹಲಗೆಗೆ ಬಡಿದು ಅವಳ ಬಲಗೈ ಕಿರುಬೆರಳು ಮುರಿದು, ಹೊರಕ್ಕೆ ಓರೆಯಾಗಿಯೇ ಕೂಡಿಕೊಂಡಿತ್ತು. ಮಕ್ಕಳು ಅದನ್ನು ಹ್ಯಾಂಡಲ್ಲು ಎಂದು ಹಿಡಿದುಕೊಳ್ಳುತ್ತಿದ್ದವು.

“ಅವರು ನಂಬ್ತಾ ಇಲ್ಲ.”

“ನಂಬದೇ ಇದ್ರೆ ಬಿಡ್ಲಿ. ಮುಖ ಮೂತಿ ಗೊತ್ತಿಲ್ಲದೋರು ನಂಬಿ ನಮಗೆ ಏನಾಗ್ಬೇಕು? ನಾನು ಇದೀನಲ್ಲ ಇಲ್ಲಿ.”

“ಇದೀಯ. ನೀನಿದೀಯ ಅಂತ ಯಾರಿಗೂ ಗೊತ್ತಿಲ್ಲ, ಅದೇ.”

ಟೀಚರ್ ಕ್ಲಿಪ್ಪು ಸಿಕ್ಕಿಸುವುದನ್ನು ನಿಲ್ಲಿಸಿ ಅವಳನ್ನು ನೋಡಿದಳು. “ಫೋಟೋ ಬೇಡ,” ಎಂದಷ್ಟೇ ಹೇಳಿ ಒಳಗೆ ಹೋದಳು.

ಬೆಣ್ಣೆ ಕೈಯಲ್ಲಿಟ್ಟುಕೊಂಡು ತುಪ್ಪಕ್ಕೆ ಅಲೆಯುವುದು ಎಂದು ನಾವು ನೀವು ಸುಲಭವಾಗಿ ಹೇಳಿಬಿಡಬಹುದು. ಆದರೆ ಒಮ್ಮೆ ರುಚಿ ಹತ್ತಿದ ಮೇಲೆ ಬಿಡುವುದು ಕಷ್ಟ. ಎರಡು ಸಾವಿರ ಜನ ಹೌದೆಂದ ಮನೆಯನ್ನು ಈಗ ಅದೇ ಎರಡು ಸಾವಿರ ಜನ ಸುಳ್ಳೆನ್ನುತ್ತಿದ್ದರು. ಅವಳಿಗೆ ನಿದ್ದೆ ಕೆಟ್ಟಿತು, ಕೆಲಸ ಕೆಟ್ಟಿತು, ಒಬ್ಬರ ಮೇಲ್ದವಡೆಗೆ ಇನ್ನೊಬ್ಬರ ಹಲ್ಲು ಜೋಡಿಸಿ ಯಜಮಾನರಿಂದ ಬೈಸಿಕೊಂಡಳು. ಆರನೆಯ ದಿನ ಆ ಬೈಗುಳದ ನಡುವೆಯೇ ಅವಳಿಗೆ ಉಪಾಯ ಹೊಳೆಯಿತು. ಇಪ್ಪತ್ತೆರಡು ವರ್ಷದಿಂದ ಅವಳು ಮಾಡುತ್ತಿದ್ದುದು ಅದನ್ನೇ: ಒಂದು ಜಾಗ ಖಾಲಿ ಇದ್ದರೆ ಅಲ್ಲಿ ಕೂರುವಂಥದ್ದನ್ನು ಮಾಡಿ ಕೂರಿಸುವುದು. ಅದು ತಪ್ಪೆಂದು ಅವಳ ಮನಸ್ಸಿಗೆ ಬರಲಿಲ್ಲ. ಇದ್ದುದನ್ನೇ ತಾನೆ ತೋರಿಸುತ್ತಿರುವುದು ಎಂದುಕೊಂಡಳು.

ಭಾನುವಾರ ಮಧ್ಯಾಹ್ನ ಲ್ಯಾಬಿಗೆ ಬೀಗ ತೆಗೆದು ಒಬ್ಬಳೇ ಕೂತಳು. ತನ್ನ ಎಡಗೈಯನ್ನು ಇದ್ದಂತೆಯೇ ಬಿಟ್ಟಳು. ಬಲಗೈಯನ್ನು ಟೀಚರಿನದು ಮಾಡಬೇಕು. ಹಲ್ಲಿಗೆ ಬಳಸುವ ಅಕ್ರಿಲಿಕ್ಕಿನಲ್ಲಿ ಐದು ಉಗುರು ಎರೆದು, ಅಗಲಕ್ಕೆ ಉಜ್ಜಿ, ಕೊಳದ ನೀರಿಗೆ ಹಾಕುವ ಔಷಧಕ್ಕೆ ಬಿಳಿಚಿದಂತೆ ಬಣ್ಣ ಕೊಟ್ಟು ತನ್ನ ಉಗುರುಗಳ ಮೇಲೆ ಅಂಟಿಸಿಕೊಂಡಳು. ಬಿಸಿಲಿಗೆ ಕಂದಿದ ಚರ್ಮಕ್ಕೆ ವಸಡಿಗೆ ಬಳಸುವ ಕಂದುಬಣ್ಣ ತೆಳುವಾಗಿ ಬಳಿದಳು. ಕಿರುಬೆರಳಿನ ಕೆಳಗೆ, ಕಾಣದಂತೆ, ಮೇಣದ ಒಂದು ಬಿರಡೆ ಒತ್ತಿ ಬೆರಳನ್ನು ಹೊರಕ್ಕೆ ಓರೆ ಮಾಡಿದಳು. ಮಣಿಕಟ್ಟಿಗೆ, ಟೀಚರ್ ಸುತ್ತಿಕೊಳ್ಳುವ ಸೀಟಿಯ ದಾರದಂಥ ಒಂದು ದಾರ. ಬಣ್ಣವನ್ನು ಯಾವತ್ತೂ ನೆನಪಿನಿಂದ ಆರಿಸಬಾರದು, ಎದುರಿಟ್ಟುಕೊಂಡು ನೋಡಬೇಕು ಎನ್ನುವುದು ಹಲ್ಲು ಕಟ್ಟುವವರ ಮೊದಲ ಪಾಠ. ಆದರೆ ಮನೆಯಲ್ಲಿ ಆ ಕೈಯನ್ನು ದಿಟ್ಟಿಸಿದರೆ ಏಕೆಂದು ಕೇಳಿಯಾಳೆಂಬ ಅಳುಕು. ಹನ್ನೊಂದು ವರ್ಷ ಹಿಡಿದ ಕೈ, ನೋಡಬೇಕಾದ್ದೇನಿದೆ ಎಂದು ನೆನಪಿನಿಂದಲೇ ಮಾಡಿದಳು.

ಕಪಾಟಿನ ಮೇಲೆ ಫೋನು ನಿಲ್ಲಿಸಿ, ಹತ್ತು ಸೆಕೆಂಡಿನ ಎಣಿಕೆಗೆ ಇಟ್ಟು, ತೋಳುಗಳನ್ನು ಅಡ್ಡ ಹಾಯಿಸಿದಳು, ಬಲಗೈ ಎಡಗಡೆಯಿಂದ ಬಂದಂತೆ ಕಾಣಬೇಕಲ್ಲ. ಮೇಜಿನ ಮೇಲೆ ಚೀಟಿ, ತಾರೀಖು. ಎಡಗೈ ಬೆರಳುಗಳ ನಡುವೆ ಬಲಗೈ ಬೆರಳು. ಹನ್ನೆರಡು ಸಲ ತೆಗೆದಳು. ಭುಜ ಹಿಡಿದುಕೊಂಡಿತು. ತನ್ನ ಕೈಯನ್ನು ತಾನೇ ಹಿಡಿದು ಕೂತಿದ್ದಕ್ಕೆ ನಾಚಿಕೆಯಾಯಿತು. ಆದರೂ ಹದಿಮೂರನೆಯ ಫೋಟೋ ನೋಡಿದಾಗ ಅವಳಿಗೆ ನಿಜವಾಗಿ ಸಂತೋಷವಾಯಿತು, ಏಕೆಂದರೆ ಅದರಲ್ಲಿ ಇಬ್ಬರಿದ್ದರು.

ನೀಲಿ ಚುಕ್ಕೆ ಅರ್ಧ ಗಂಟೆಯಲ್ಲಿ ಬಂತು. ಗೂಬೆ ಕ್ಷಮೆ ಕೇಳಿದಳು. “ಆ ಕಿರುಬೆರಳು ನೋಡಿ, ಅದು ಸುಳ್ಳು ಹೇಳಲ್ಲ,” ಎಂದು ಯಾರೋ ಬರೆದರು. “ನಟಿಯರು ನೂರು ಜನ್ಮ ಎತ್ತಿದ್ರೂ ಹೀಗೆ ಕೈ ಹಿಡಿಯೋಕೆ ಬರಲ್ಲ,” ಎಂದು ಇನ್ಯಾರೋ. ದೊಡ್ಡಕ್ಕ ಆ ಫೋಟೋವನ್ನು ಗುಂಪಿನ ನೆತ್ತಿಯ ಮೇಲೆ ಇಟ್ಟಳು. ಅಲ್ಲಿಂದ ಅದನ್ನು ಯಾರೋ ಎತ್ತಿಕೊಂಡರು, ಅವರಿಂದ ಇನ್ಯಾರೋ. ಚೀಟಿ ಕತ್ತರಿಸಿಹೋಗಿ ಅದರ ಜಾಗದಲ್ಲಿ ಪ್ರೀತಿಯ ಬಗ್ಗೆ ಸಾಲುಗಳು ಬಂದವು. ಮೂರು ವಾರದಲ್ಲಿ ಅದು ಗುಂಪಿನ ಹೆಸರೇ ಕೇಳದವರ ಫೋನಿಗೂ ಹೋಗಿ ಕೂತಿತು. ಹಲ್ಲಕ್ಕ ಮಾತ್ರ ಮನೆಯಲ್ಲಿ ಕಳ್ಳಬೆಕ್ಕಿನ ಹಾಗೆ ಓಡಾಡಿಕೊಂಡಿದ್ದಳು.

ಒಂದು ಸಂಜೆ ಟೀಚರ್ ಎಂದಿಗಿಂತ ಬೇಗ ಬಂದಳು. ಬ್ಯಾಗು ಕೆಳಗಿಡದೆ ಊಟದ ಮೇಜಿನ ಮುಂದೆ ನಿಂತು ತನ್ನ ಫೋನು ಚಾಚಿದಳು. ಅದರಲ್ಲಿ ಆ ಫೋಟೋ.

“ಒಂದು ಮಗುವಿನ ತಾಯಿ ತೋರಿಸಿದ್ರು. ‘ಟೀಚರ್, ನಿಮ್ಮ ಕೈ ಥರಾನೇ ಇದೆ ನೋಡಿ, ಬೆರಳೂ ಅದೇ ಓರೆ’ ಅಂದ್ರು. ಪಕ್ಕದಲ್ಲಿದ್ದೋರೆಲ್ಲ ನಕ್ಕರು. ನಾನೂ ನಕ್ಕೆ. ಆಮೇಲೆ ಕ್ಲಾಸು ಪೂರ್ತಿ ಕೈ ನೀರಿಂದ ಮೇಲೆ ಎತ್ತಲಿಲ್ಲ.” ಅವಳ ದನಿ ಏರಲಿಲ್ಲ. “ಎಡಗೈ ನಿಂದು. ಉಗುರಲ್ಲಿ ಪ್ಲಾಸ್ಟರ್ ಇದೆ. ಇದು ಯಾರ ಕೈ?”

“ನಂದೇ.”

“ಎರಡೂ?”

“ಎರಡೂ. ನಾನೇ ಮಾಡಿದ್ದು. ನಿಂಗೆ ತೊಂದರೆ ಆಗಬಾರದು ಅಂತ.”

ಟೀಚರ್ ಕುರ್ಚಿ ಎಳೆದು ಕೂತಳು. ಫೋನನ್ನು ಹತ್ತಿರ ಹಿಡಿದು ಬಹಳ ಹೊತ್ತು ನೋಡಿದಳು, ಮಕ್ಕಳ ಡ್ರಾಯಿಂಗು ನೋಡುವ ಹಾಗೆ. ಆಮೇಲೆ ಅದರ ಪಕ್ಕದಲ್ಲಿ ತನ್ನ ಬಲಗೈಯನ್ನು ಇಟ್ಟಳು. “ನೋಡು,” ಎಂದಳು.

ಹಲ್ಲಕ್ಕ ನೋಡಿದಳು. ಕಿರುಬೆರಳು ಸರಿಯಿತ್ತು, ಅದೊಂದೇ ಸರಿಯಿದ್ದುದು. ಹೆಬ್ಬೆರಳಿನ ಬುಡ ಊದಿಕೊಂಡು ಗಂಟಾಗಿತ್ತು. ಗೆಣ್ಣುಗಳ ಮೇಲಿನ ಚರ್ಮ ಔಷಧದ ನೀರಿಗೆ ಬಿರಿದು, ಸಿಪ್ಪೆ ಎದ್ದು, ಕೆಲವು ಕಡೆ ಕೆಂಪಗೆ ಹಸಿಯಾಗಿತ್ತು. ಉಗುರುಗಳಲ್ಲಿ ಎರಡು ಕಪ್ಪಾಗಿದ್ದವು. ಫೋಟೋದ ಕೈ ಮೂವತ್ತರ ಹೆಂಗಸಿನದು, ಕಿಟಕಿಯ ಬಳಿ ಕೂತು ಬಾಯಿ ತೆರೆದಿದ್ದವಳದು. ಮೇಜಿನ ಮೇಲಿದ್ದುದು ಬೇರೆ ಕೈ.

“ಈ ಹೆಬ್ಬೆರಳು ಮಡಚದೆ ಎರಡು ವರ್ಷ ಆಯ್ತು,” ಎಂದಳು ಟೀಚರ್.

“ನೀನು ಹೇಳಲಿಲ್ಲ.”

“ಹೇಳಿದೆ. ಡಾಕ್ಟರ ಹತ್ರ ಹೋಗಿ ಬಂದೆ, ಕೀಲು ಸವೆದಿದೆಯಂತೆ ಅಂದೆ. ನೀನು ಫೋನ್ ನೋಡ್ತಾ ಹೂಂ ಅಂದೆ. ಸಕ್ಕರೆ ಡಬ್ಬಿ ಯಾಕೆ ನಿನ್ನ ಕೈಗೆ ಕೊಡ್ತಿದ್ದೆ ಅಂದ್ಕೊಂಡೆ?”

ಎರಡು ಸಾವಿರ ಜನ ಓದಿ ಅತ್ತ ಸಾಲು ಅದು. ಅಂಗೈ ಹುಣ್ಣಿಗೆ ಕನ್ನಡಿ ಬೇಡ ಎಂದು ಗಾದೆಯೇನೋ ಇದೆ, ಕಣ್ಣಾದರೂ ಬೇಕಲ್ಲ. ಹಲ್ಲಕ್ಕ ಆ ಕೈಯನ್ನು ಹಿಡಿಯಲು ಹೋದಳು. ಟೀಚರ್ ಮೆಲ್ಲಗೆ ಹಿಂದಕ್ಕೆಳೆದುಕೊಂಡಳು.

“ಇವತ್ತು ಹೆದರಿಕೆ ಆಯ್ತು, ಇಲ್ಲ ಅನ್ನಲ್ಲ. ಇವತ್ತು ನಕ್ಕೋರು ನಾಳೆ ನಗಲ್ಲ. ಆದರೆ ಅದಕ್ಕಲ್ಲ. ನನ್ನ ಕೇಳಿದೆ, ನಾನು ಬೇಡ ಅಂದೆ, ನೀನು ನನ್ನ ಬಿಟ್ಟೇ ನನ್ನ ಮಾಡ್ಕೊಂಡೆ. ಊರೆಲ್ಲ ಇದನ್ನ ನೋಡಿ ಪ್ರೀತಿ ಅಂತಿದೆ. ಇದರಲ್ಲಿ ನಾನಿಲ್ಲ ಕಣೇ. ನೀನೊಬ್ಳೇ ಇದೀಯ.”

ಹಲ್ಲಕ್ಕ ಅತ್ತಳು, ಕಾಲು ಹಿಡಿಯುವೆನೆಂದಳು, ಫೋಟೋ ಅಳಿಸಿದಳು. ಅಳಿಸಿ ಏನು ಬಂತು, ಅದಾಗಲೇ ಸಾವಿರ ಕಡೆ ಇತ್ತು. ಈಜುಕೊಳದವರು ಬೇರೊಂದು ಊರಿನಲ್ಲಿ ಹೊಸ ಕೊಳ ತೆರೆಯುತ್ತಿದ್ದರು. ಅಲ್ಲಿಗೆ ಹೋಗುತ್ತೀಯಾ ಎಂದು ಹಿಂದೆಯೇ ಕೇಳಿದ್ದರು, ಟೀಚರ್ ಬೇಡವೆಂದಿದ್ದಳು. ಈಗ ಹೂಂ ಅಂದಳು. ಹತ್ತು ದಿನ ಇಬ್ಬರೂ ಆ ಮನೆಯಲ್ಲಿ ಎರಡು ಮಂಚದ ಮೇಲೆ ಮಲಗಿದರು. ಬೆಳಿಗ್ಗೆ ಯಾವ ಹಾಸಿಗೆಯನ್ನೂ ಕೆದರುವ ಕೆಲಸವಿರಲಿಲ್ಲ. ಹನ್ನೊಂದನೆಯ ದಿನ ಬೆಳಿಗ್ಗೆ ಎಂಟಕ್ಕೆ ಟ್ಯಾಕ್ಸಿ ಬಂತು. ಎರಡು ಸೂಟ್‌ಕೇಸು, ಒಂದು ಚೀಲ. ಹೋಗುವಾಗ ಟೀಚರ್ “ಊಟ ಸರಿಯಾಗಿ ಮಾಡು,” ಎಂದಳು. ಅದನ್ನು ಪ್ರೀತಿಯಿಂದಲೇ ಹೇಳಿದಳು, ಅದೇ ಹೆಚ್ಚು ನೋವಾಯಿತು.

ಗಂಡ ಸತ್ತರೆ ಊರು ಬಂದು ಕೂರುತ್ತದೆ, ಗಂಡ ಬಿಟ್ಟರೂ ನಾಲ್ಕು ಜನ ಬಂದು ಅವನಿಗೆ ಶಾಪ ಹಾಕಿ ಟೀ ಕುಡಿದು ಹೋಗುತ್ತಾರೆ. ಚಿಕ್ಕಮ್ಮನ ಮಗಳು ಕೆಲಸದ ಮೇಲೆ ಬೇರೆ ಊರಿಗೆ ಹೋದರೆ ಯಾರು ಬರುತ್ತಾರೆ? ಕೆಳಗಿನ ಮನೆಯಾಕೆ ಮೆಟ್ಟಿಲಲ್ಲಿ ಸಿಕ್ಕಿ, “ಅಂತೂ ನಿಮಗೆ ಈಗ ಮನೆ ದೊಡ್ಡದಾಯ್ತು,” ಎಂದು ನಕ್ಕಳು. ಅತ್ತಿಗೆ ಫೋನಿನಲ್ಲಿ, “ಹೋಗಲಿ ಬಿಡು, ಎಷ್ಟು ದಿನ ಅಂತ ಇಟ್ಕೋತೀಯ ಕಂಡೋರನ್ನ,” ಎಂದಳು. ಹಲ್ಲಕ್ಕ ಹೂಂ ಎಂದಳು. ಕಣ್ಣು ಕೆಂಪಾಗಿದೆಯಲ್ಲ ಎಂದ ಇಸ್ತ್ರಿಯವನಿಗೆ ಧೂಳು ಎಂದಳು. ದಿನಕ್ಕೊಮ್ಮೆ ಟೀಚರಿಗೆ ಮೆಸೇಜು ಕಳಿಸುತ್ತಿದ್ದಳು, ಹೆಬ್ಬೆರಳು ಹೇಗಿದೆ ಎಂದು. ಮೊದಲ ವಾರ ‘ಪರವಾಗಿಲ್ಲ’ ಎಂದು ಬಂತು. ಆಮೇಲೆ ಬರಲಿಲ್ಲ.

ತಿಂಗಳ ಕೊನೆಗೆ ಲ್ಯಾಬಿನ ಎದುರಿನ ಬಸ್‌ಸ್ಟಾಪಿನಲ್ಲಿ ಹೊಸ ಪೋಸ್ಟರು ಬಂತು. ಅದೇ ಧಾರಾವಾಹಿಯ ಎರಡನೇ ಭಾಗ. ಈ ಸಲ ನಟಿಯರ ಮುಖವಿರಲಿಲ್ಲ, ಎರಡು ಕೈಗಳಿದ್ದವು, ಬೆರಳೊಳಗೆ ಬೆರಳು, ಒಂದು ಕಿರುಬೆರಳು ಹೊರಕ್ಕೆ ಓರೆ. ಕೆಳಗೆ ‘ಈ ಬಾರಿ ನಿಜವಾದ ಪ್ರೀತಿ’ ಎಂದು ಬರೆದಿತ್ತು. ನಟಿಯ ಬೆರಳನ್ನು ಕಂಪ್ಯೂಟರಿನಲ್ಲಿ ಓರೆ ಮಾಡಿದ್ದರು, ಕೆಲಸ ಒರಟಾಗಿತ್ತು. ಹಲ್ಲಕ್ಕ ಕಿಟಕಿಯಲ್ಲಿ ನಿಂತು ಅದನ್ನು ನೋಡಿದಳು. ಗುಂಪಿನಲ್ಲಿ ಅದಾಗಲೇ ಸಂಭ್ರಮ ಎದ್ದಿತ್ತು, ಕೊನೆಗೂ ನಮ್ಮನ್ನು ಇದ್ದ ಹಾಗೆ ತೋರಿಸುತ್ತಿದ್ದಾರೆ ಎಂದು. ಅವಳಿಗೆ ಇನ್ನು ತಡೆಯಲಾಗಲಿಲ್ಲ. ಕುಲುಮೆ ಆರಿಸಿ, ಸ್ಟೂಲಿನ ಮೇಲೆ ಕೂತು, ಇದ್ದದ್ದನ್ನು ಇದ್ದ ಹಾಗೆ ಬರೆದಳು: ಫೋಟೋದ ಎರಡೂ ಕೈ ನನ್ನವು. ಅಕ್ರಿಲಿಕ್, ಮೇಣ, ಬಣ್ಣ. ಆದರೆ ಅವಳು ಇದ್ದದ್ದು ನಿಜ, ಹನ್ನೊಂದು ವರ್ಷ ನಿಜ, ಮುಚ್ಚಳ ನಿಜ. ಮುಚ್ಚಳದ ಅರ್ಥ ಮಾತ್ರ ನನಗೆ ಗೊತ್ತಾಗಿರಲಿಲ್ಲ.

ಮೊದಲ ಸಾಲನ್ನು ಎಲ್ಲರೂ ಓದಿದರು, ಉಳಿದದ್ದನ್ನು ಓದುವ ತಾಳ್ಮೆ ಯಾರಿಗೂ ಇರಲಿಲ್ಲ. ಬೈಗುಳ ಒಂದು ಗಂಟೆ ಸುರಿಯಿತು. ಆಮೇಲೆ ಬೈಗುಳ ನಿಂತು ಕನಿಕರ ಶುರುವಾಯಿತು, ಅದು ಇನ್ನೂ ಕೆಟ್ಟದಾಗಿತ್ತು. ಪಾಪ, ಯಾರೂ ಇಲ್ಲದ ಹೆಂಗಸು, ಮನಸ್ಸಿನಲ್ಲೇ ಒಬ್ಬಳನ್ನು ಮಾಡಿಕೊಂಡು ಬದುಕಿದ್ದಾಳೆ. ನೀಲಿ ಚುಕ್ಕೆ ಮಾಯವಾಯಿತು. ಅವಳನ್ನು ಹೊರಗೆ ಹಾಕುವ ಮುನ್ನ ದೊಡ್ಡಕ್ಕ ಖಾಸಗಿಯಾಗಿ ಬರೆದಳು. ಒಳ್ಳೆಯ ಹೆಂಗಸೇ ಇರಬೇಕು, ಒಂದು ಕೆಟ್ಟ ಮಾತೂ ಇರಲಿಲ್ಲ.

“ಒಂಟಿಯಾಗಿರೋದು ತಪ್ಪಲ್ಲ ಅಕ್ಕ. ಇಲ್ಲದವಳನ್ನ ಇದಾಳೆ ಅಂತ ಹೇಳ್ಕೊಳ್ಳೋ ಅಗತ್ಯ ಇರಲಿಲ್ಲ. ನಿಮ್ಮ ಮೇಲೆ ಸಿಟ್ಟಿಲ್ಲ, ಯೋಚನೆ ಆಗ್ತಿದೆ. ಸುಳ್ಳು ಬೇಡ, ಇದೊಂದು ಸಲ ನಿಜ ಹೇಳಿ. ನಿಮ್ಮ ಮನೇಲಿ ನಿಮ್ಮ ಜೊತೆ ಯಾರಾದ್ರೂ ಇದಾರಾ?”

ಹಲ್ಲಕ್ಕ ‘ಇದ್ದಳು’ ಎಂದು ಬರೆದಳು. ಅದನ್ನು ಅಳಿಸಿ ‘ಇದಾಳೆ’ ಎಂದು ಬರೆದು ಅದನ್ನೂ ಅಳಿಸಿದಳು. ಕೆಳಗೆ ಇಸ್ತ್ರಿಯವನು ಯಜಮಾನರಿಗೆ ಏನೋ ಹೇಳಿ ನಗುತ್ತಿದ್ದ. ಬಸ್ಸೊಂದು ಬಂದು ನಿಂತು ಪೋಸ್ಟರನ್ನು ಮರೆಮಾಡಿ, ಜನರನ್ನು ಹತ್ತಿಸಿಕೊಂಡು ಹೋಯಿತು.

“ಇಲ್ಲ. ಯಾರೂ ಇಲ್ಲ,” ಎಂದು ಬರೆದು ಕಳಿಸಿದಳು.

ಉತ್ತರ ಆ ಕ್ಷಣಕ್ಕೇ ಬಂತು. “ಇದನ್ನ ನಂಬ್ತೀನಿ ಅಕ್ಕ.”